ರೋಸ್ಸಿ ಬೀದಿಯ ನೃತ್ಯಶಾಲೆ

ರಷ್ಯದ ಸೇಂಟ್ ಪೀಟರ್ಸ್‌ಬರ್ಗ್ ನಗರದ ರೋಸ್ಸಿ ಬೀದಿಯ ಅಗಲ 22 ಮೀಟರ್. ಇಕ್ಕೆಲದ ಕಟ್ಟಡಗಳ ಎತ್ತರವೂ 22 ಮೀಟರ್. ಉದ್ದ 220 ಮೀಟರ್. ಅಳತೆ ತಪ್ಪದ ಈ ಬೀದಿಯಲ್ಲೇ ಅಳತೆ ತಪ್ಪದ ನೃತ್ಯ ಕಲಿಸುವ ವಾಗನೋವಾ ಬ್ಯಾಲೆ ಅಕಾಡೆಮಿ ಇದೆ. ಗೋಡೆಯ ಸರಳು ಹಿಡಿದು ಮಕ್ಕಳು ಇಲ್ಲಿ ದಿನವೂ ಕಾಲುಗಳನ್ನು ಪಳಗಿಸುತ್ತಾರೆ.

ಬ್ಯಾಲೆ ಹುಟ್ಟಿದ್ದು ಮಾತ್ರ ಇಲ್ಲಲ್ಲ. ಇಟಲಿಯ ಅರಮನೆಗಳ ಔತಣಕೂಟಗಳಲ್ಲಿ ಮೊಳೆತ ಈ ಕಲೆ ಫ್ರಾನ್ಸಿನಲ್ಲಿ ಬೆಳೆಯಿತು. ಸ್ವತಃ ನರ್ತಕನಾಗಿದ್ದ ದೊರೆ 14ನೇ ಲೂಯಿ 1661ರಲ್ಲಿ ನೃತ್ಯ ಅಕಾಡೆಮಿ ಸ್ಥಾಪಿಸಿದ. ಹೀಗಾಗಿ ಯಾವ ದೇಶದಲ್ಲಿ ಕಲಿತರೂ ಹೆಜ್ಜೆಗಳ ಹೆಸರು ಇಂದಿಗೂ ಫ್ರೆಂಚ್.

1738ರಲ್ಲಿ ಫ್ರೆಂಚ್ ಗುರು ಲಾಂಡೆ ಪೀಟರ್ಸ್‌ಬರ್ಗಿನ ಅರಮನೆಯಲ್ಲಿ ಈ ಶಾಲೆ ಆರಂಭಿಸಿದಾಗ ಸೇರಿದವರು ಅರಮನೆ ಸೇವಕರ ಮಕ್ಕಳು: 12 ಹುಡುಗರು, 12 ಹುಡುಗಿಯರು. ಅರಸರ ವಿನೋದ ಆಳುಗಳ ಮಕ್ಕಳ ವಿದ್ಯೆಯಾಯಿತು! ಮುಂದೆ, ಬಟ್ಟೆ ಒಗೆದು ಬದುಕುತ್ತಿದ್ದ ತಾಯಿಯ ಮಗಳು ಅನ್ನಾ ಪಾವ್ಲೋವಾ ಇಲ್ಲಿಗೆ ಬಂದಳು. ಮೊದಲ ಸಲ ಪ್ರವೇಶ ಸಿಗಲಿಲ್ಲ. 10ನೇ ವಯಸ್ಸಿನಲ್ಲಿ ಸೇರಿ ಕಲಿತು, ಜಗತ್ತನ್ನೇ ಸುತ್ತಿ ಕುಣಿದಳು.

1941ರ ಯುದ್ಧಕಾಲದಲ್ಲಿ ಶಾಲೆ ದೂರದ ಪೆರ್ಮ್ ನಗರದತ್ತ ವಲಸೆ ಹೋಯಿತು. ಅಲ್ಲಿ ಬಿತ್ತಿದ್ದು ವ್ಯರ್ಥವಾಗಲಿಲ್ಲ. 1945ರಲ್ಲಿ ಪೆರ್ಮ್‌ಗೂ ತನ್ನದೇ ಬ್ಯಾಲೆ ಶಾಲೆ ದೊರೆಯಿತು.