ಟಿಕೆಟ್ ಇಲ್ಲದ ಊರು

1/7
ಮೊದಲ ಫೋಟೋದಲ್ಲಿ ನಿದ್ದೆಗಣ್ಣಲ್ಲಿ ಕೂತಿರೋದು ನಮ್ಮ ಬಿಕಾಂ ಬ್ಯಾಚ್. ನಗಬೇಡಿ, ಬೆಳಿಗ್ಗೆ ಐದಕ್ಕೆ ಧಾರವಾಡ ಬಿಟ್ಟಿದ್ವಿ. ಒಂದು ದಿನದ ಟ್ರಿಪ್: ಪಟ್ಟದಕಲ್ಲು, ಐಹೊಳೆ, ಕೊನೆಗೆ ಹಳೇ ಬಾಗಲಕೋಟೆ. ಗೈಡ್ ಖರ್ಚು ಸೇರಿ ತಲೆಗೆ 650 ರೂಪಾಯಿ, ಬುತ್ತಿ ಮನೆಯಿಂದ.

ಗ್ರೂಪಲ್ಲಿ ಲಿಸ್ಟ್ ಬಂದ ದಿನ ಎಲ್ಲರೂ ಕೇಳಿದ್ದು ಒಂದೇ ಪ್ರಶ್ನೆ. "ಪಟ್ಟದಕಲ್ಲು, ಐಹೊಳೆ ಓಕೆ. ಹಳೇ ಬಾಗಲಕೋಟ್ಯಾಗ ನೋಡಾಕ ಏನೈತಿ?"

ನಾನೂ ಒಂದು ನಗುವ ಇಮೋಜಿ ಹಾಕಿ ಸುಮ್ಮನಾದೆ. ನಮ್ಮ ಅವ್ವ ಹುಟ್ಟಿದ್ದು ಅದೇ ಊರಲ್ಲಿ, ಆಯಿ-ಮುತ್ಯಾನ ಮನೆ, ಅಂಗಡಿ ಎರಡೂ ಅಲ್ಲೇ ಇದ್ದವು ಅಂತ ಹೇಳಲೇ ಇಲ್ಲ. ನಿಜ ಹೇಳ್ಬೇಕಂದ್ರೆ ಅಲ್ಲಿ ನೋಡೋಕೆ ಏನಿದೆ ಅಂತ ನನಗೂ ಗೊತ್ತಿರಲಿಲ್ಲ. ಸಣ್ಣವಳಿದ್ದಾಗ ಆಯಿ "ನಮ್ಮ ಓಣ್ಯಾಗ ಏನ್ ಇತ್ತಂದ್ರ..." ಅಂತ ಶುರು ಮಾಡಿದ ತಕ್ಷಣ ನಾನು ಮೊಬೈಲ್ ಎತ್ಕೊಂಡು ಇನ್ನೊಂದು ಖೋಲಿಗೆ ಹೋಗ್ತಿದ್ದೆ.

ಮುತ್ಯಾ ತೀರಿಕೊಂಡ ಮೇಲೆ ಆಯಿ ನಮ್ಮ ಜೊತೆ ಧಾರವಾಡದಲ್ಲೇ ಇದ್ದಾಳೆ. ಈಗ ಎಪ್ಪತ್ತೆಂಟು. ಹೋದ ವರ್ಷದಿಂದ ಮರೆವು ಶುರುವಾಗಿದೆ. ಬೆಳಿಗ್ಗೆ ಚಹಾ ಕುಡಿದಿದ್ದು ಒಮ್ಮೊಮ್ಮೆ ನೆನಪಿರಲ್ಲ, ಮತ್ತೆ ಕೇಳ್ತಾಳೆ.

ಇಷ್ಟು ತಲೆಯಲ್ಲಿ ಇಟ್ಕೊಂಡು ಮುಂದಿನ ಫೋಟೋಗಳಿಗೆ ಬನ್ನಿ.

2/7
ಕೊಡೆ ಹಿಡಿದು ನಿಂತಿರೋದು ನಮ್ಮ ಗೈಡ್ ಕಾಕಾ. ಆ ಕೊಡೆ ಬಿಸಿಲಿಗಲ್ಲ, ಶಿಲ್ಪ ತೋರಿಸೋಕೆ. ಪಟ್ಟದಕಲ್ಲಿನಲ್ಲಿ ಬಸ್ ಇಳಿದ ಕೂಡ್ಲೇ ಹೇಳಿದ್ರು, "ಸೆಲ್ಫಿಗೆ ಕಡೀಕ ಹತ್ತು ನಿಮಿಷ ಕೊಡ್ತೀನಿ. ಅಲ್ಲೀತನಕ ಕಣ್ಣಿಲೆ ನೋಡ್ರಿ."

ಹಿಂದೆ ಕಾಣ್ತಿರೋದು ವಿರೂಪಾಕ್ಷ ದೇವಾಲಯ. ಬಾದಾಮಿ ಚಾಲುಕ್ಯರ ಇಮ್ಮಡಿ ವಿಕ್ರಮಾದಿತ್ಯ ಕಂಚಿಯ ಪಲ್ಲವರನ್ನ ಗೆದ್ದ ನೆನಪಿಗೆ ಅವನ ರಾಣಿ ಲೋಕಮಹಾದೇವಿ 8ನೇ ಶತಮಾನದಲ್ಲಿ ಕಟ್ಟಿಸಿದ್ದು. ಪಕ್ಕದ ಮಲ್ಲಿಕಾರ್ಜುನ ಗುಡಿ ಇನ್ನೊಬ್ಬ ರಾಣಿ ತ್ರೈಲೋಕ್ಯಮಹಾದೇವಿಯದು. ನನಗೆ ಹಿಡಿಸಿದ್ದು ಮೂರನೇ ಹೆಸರು, ಗುಂಡ. ರಾಜ ಅಲ್ಲ, ರಾಣಿ ಅಲ್ಲ, ವಿರೂಪಾಕ್ಷ ಗುಡಿ ಕಟ್ಟಿದ ಸೂತ್ರಧಾರಿ. ಅವನ ಹೆಸರು ಶಾಸನದಲ್ಲಿದೆ. ಕೆಲಸ ಮಾಡಿದವನ ಹೆಸರು ಸಾವಿರದ ಇನ್ನೂರು ವರ್ಷ ದಾಟಿ ನಮ್ಮ ಕಿವಿಗೆ ಬಿತ್ತು ಅಂದ್ರೆ ಯೋಚನೆ ಮಾಡಿ!

1987ರಿಂದ ಇದು ಯುನೆಸ್ಕೋ ಪಟ್ಟಿಯಲ್ಲಿದೆ. ಹುಲ್ಲುಹಾಸು, ಬೇಲಿ, ಬೋರ್ಡು, ಕಾವಲು ಎಲ್ಲ ಇದೆ. ಪಕ್ಕದಲ್ಲೇ ಮಲಪ್ರಭಾ. 2019ರ ಆಗಸ್ಟ್ ಪ್ರವಾಹದಲ್ಲಿ ಹೊಳೆ ಈ ಗುಡಿಗಳ ಆವರಣಕ್ಕೇ ನುಗ್ಗಿತ್ತು. ಆಗ ಟಿವಿಯಲ್ಲಿ ನೋಡಿದ್ದು ನನಗೂ ನೆನಪಿದೆ. "ನೀರ ಬಂತು, ಹೋತು. ಗುಡಿ ನಿಂತ್ವು," ಅಂದ್ರು ಕಾಕಾ. ಆ ಮಾತು ಸಂಜೆ ಮತ್ತೆ ನೆನಪಾಗುತ್ತೆ ಅಂತ ಆಗ ಅನ್ನಿಸಿರಲಿಲ್ಲ.

3/7
ಐಹೊಳೆ. ಆ ದುಂಡಗಿನ ಬೆನ್ನಿನ ಗುಡಿ ನಿಮ್ಮ ಸಮಾಜ ವಿಜ್ಞಾನ ಪುಸ್ತಕದಲ್ಲೂ ಇತ್ತು, ದುರ್ಗದ ಗುಡಿ. ಹತ್ತರಲ್ಲಿ ಒಂಬತ್ತು ಜನ ದುರ್ಗಾದೇವಿ ಗುಡಿ ಅಂದ್ಕೋತಾರೆ, ನಾನೂ ಅಂದ್ಕೊಂಡಿದ್ದೆ. ದುರ್ಗ ಅಂದ್ರೆ ಇಲ್ಲಿ ಕೋಟೆ.

ಅಲ್ಲೇ ಹತ್ತಿರ ಲಾಡ್ ಖಾನ್ ಗುಡಿ. ಶಿವನ ಗುಡಿಗೆ ಈ ಹೆಸರು ಹೇಗೆ ಅಂತ ನಮ್ಮ ಹುಡುಗರು ಕೇಳಿದ್ರು. ಬಹಳ ಕಾಲದ ನಂತರ ಲಾಡ್ ಖಾನ್ ಅನ್ನೋರು ಈ ಗುಡಿಯೊಳಗೆ ವಾಸ ಇದ್ರಂತೆ, ಹೆಸರು ಹಾಗೇ ಉಳೀತು. ಕಾಕಾ ಕೊಡೆಯಿಂದ ಕಂಬಕ್ಕೆ ಒಂದು ತಟ್ಟು ತಟ್ಟಿ ಹೇಳಿದ್ರು, "ಕಟ್ಟಿಸಿದಾಂವನ ಹೆಸರ ಹೋತು, ಕಡೀಕ ಇದ್ದಾಂವನ ಹೆಸರ ಉಳೀತು."

ಆಮೇಲೆ ಗುಡ್ಡ ಹತ್ತಿ ಮೇಗುತಿ ಬಸದಿಗೆ ಹೋದ್ವಿ. ಬಿಸಿಲಿಗೆ ಅರ್ಧ ಜನ ಮೆಟ್ಟಿಲ ಮೇಲೇ ಕೂತುಬಿಟ್ರು. ಹತ್ತಿದವರಿಗೆ ಸಿಕ್ಕಿದ್ದು ಕ್ರಿ.ಶ. 634ರ ಶಾಸನ. ಕವಿ ರವಿಕೀರ್ತಿ ಸಂಸ್ಕೃತದಲ್ಲಿ ಬರೆದದ್ದು. ಇಮ್ಮಡಿ ಪುಲಕೇಶಿ ಉತ್ತರದ ಹರ್ಷನನ್ನ ಸೋಲಿಸಿದ ವಿಷಯ ಇದರಲ್ಲಿದೆ, ಕಾಳಿದಾಸ, ಭಾರವಿಯರ ಹೆಸರೂ ಇದೆ. ಯಾವ ವರ್ಷ ಅಂತ ಶಾಸನದಲ್ಲೇ ಇರೋದ್ರಿಂದ ಇತಿಹಾಸಕಾರರಿಗೆ ಇದು ಗಟ್ಟಿ ಗೂಟ ಇದ್ದ ಹಾಗೆ. ಮಿಕ್ಕ ಎಷ್ಟೋ ಕಾಲಲೆಕ್ಕ ಇದಕ್ಕೆ ಕಟ್ಟಿ ನಿಲ್ಲಿಸಿದ್ದು.

ಬರೆದು ಇಟ್ರೆ ಉಳಿಯುತ್ತೆ. ನೋಟ್ಸ್ ಬರೆಯದ ನನ್ನ ದೋಸ್ತರೇ, ಇದು ನಿಮಗೆ!

4/7
ಈ ಭಾಗ ಕಾಮರ್ಸ್‌ನವರಿಗೆ. ಮರದ ನೆರಳಲ್ಲಿ ರೊಟ್ಟಿ, ಶೇಂಗಾ ಹಿಂಡಿ, ಎಣಗಾಯಿ ಬಿಚ್ಚಿದಾಗ ಕಾಕಾ ಹೇಳಿದ ಕಥೆ ಇದು.

ಐಹೊಳೆ ಬರೀ ಗುಡಿಗಳ ಊರಲ್ಲ, ವ್ಯಾಪಾರಿಗಳ ಊರು. "ಅಯ್ಯಾವೊಳೆ ಐನೂರ್ವರು" ಅಂತ ಒಂದು ವರ್ತಕರ ಸಂಘ ಇತ್ತು. ಅವರ ಹೆಸರಿನ ಶಾಸನಗಳು ದಕ್ಷಿಣ ಭಾರತದ ತುಂಬ ಇವೆ, ಶ್ರೀಲಂಕಾದಲ್ಲೂ ಇವೆ. ಇಂಡೋನೇಷ್ಯಾದ ಸುಮಾತ್ರಾ ದ್ವೀಪದಲ್ಲಿ 1088ರ ಒಂದು ತಮಿಳು ಶಾಸನ ಸಿಕ್ಕಿದೆ, ಅದರಲ್ಲೂ ಈ ಐನೂರ್ವರ ಹೆಸರಿದೆ. ನಾವು ಎಂಎನ್‌ಸಿ ಅಂತ ಓದ್ತೀವಲ್ಲ, ಅದರ ಅಜ್ಜನ ಊರಲ್ಲಿ ಕೂತು ನಾವು ರೊಟ್ಟಿ ತಿಂತಿದ್ವಿ.

ಕಾಕಾ ಆ ಕಥೆ ಹೇಳುವಾಗ ನನಗೆ ಮುತ್ಯಾ ನೆನಪಾದ. ಮುತ್ಯಾನದು ಹಳೇ ಬಾಗಲಕೋಟೆಯಲ್ಲಿ ಸಣ್ಣ ಖಣದ ಅಂಗಡಿ. ಗುಳೇದಗುಡ್ಡದಿಂದ ಖಣ, ಇಳಕಲ್‌ನಿಂದ ಸೀರೆ ತಂದು ಮಾರೋದು. ಮದುವೆ, ಸೀಮಂತ ಅಂದ್ರೆ ಜನ ಬಂದು ಉದ್ರಿ ಒಯ್ಯೋರು, ಸುಗ್ಗಿ ಆದ ಮೇಲೆ ಕೊಡೋರು. ಊರು ಖಾಲಿ ಮಾಡುವಾಗ ಗೋಡೆ, ಮಾಳಿಗೆ, ಕಟ್ಟಿಗೆ, ಜಾಗ ಎಲ್ಲ ಅಳತೆ ಆಯ್ತು, ಅದಕ್ಕೆ ಪರಿಹಾರವೂ ಬಂತು. ಗಿರಾಕಿಗಳನ್ನ ಅಳೆಯೋಕೆ ಟೇಪ್ ಇಲ್ಲ. ಅದನ್ನೇ ನಾವು ಗುಡ್‌ವಿಲ್ ಅಂತ ಓದಿ ಆರು ಮಾರ್ಕ್ಸಿಗೆ ಬರೀತೀವಿ. ಒಂದೇ ಓಣಿಯ ಜನ ಹೊಸ ಊರಿನ ಬೇರೆ ಬೇರೆ ಸೆಕ್ಟರಿಗೆ ಚದುರಿ ಹೋದ್ರು, ಕೆಲವರು ಹುಬ್ಬಳ್ಳಿಗೆ, ಪುಣೆಗೆ. ಮುತ್ಯಾ ಮತ್ತೆ ಅಂಗಡಿ ತೆಗೀಲೇ ಇಲ್ಲ. ಐನೂರ್ವರು ಸಮುದ್ರ ದಾಟಿ ವ್ಯಾಪಾರ ಮಾಡಿದ್ರು. ಮುತ್ಯಾಗೆ ಕೆಲವೇ ಕಿಲೋಮೀಟರ್ ದಾಟೋಕೆ ಆಗಲಿಲ್ಲ.

5/7
ಮಧ್ಯಾಹ್ನ ಮೂರರ ಹೊತ್ತಿಗೆ ಬಾಗಲಕೋಟೆ ಮುಟ್ಟಿದ್ವಿ. ಪೇಪರಿನವರು ಇದನ್ನ "ಮುಳುಗಡೆ ನಗರಿ" ಅಂತಾರೆ. ಬಾಗಲಕೋಟೆ ಕಡೆಯವರು ಅಲ್ಲದಿದ್ರೆ ಯಾಕೆ ಅಂತ ಗೊತ್ತಿರಲ್ಲ, ಹೇಳ್ತೀನಿ.

ಕೃಷ್ಣಾ ನದಿಗೆ ಆಲಮಟ್ಟಿಯಲ್ಲಿ ಅಣೆಕಟ್ಟೆ. 1964ರಲ್ಲಿ ಲಾಲ್ ಬಹದ್ದೂರ್ ಶಾಸ್ತ್ರಿಯವರು ಅಡಿಗಲ್ಲು ಹಾಕಿದ್ದು, ಜಲಾಶಯಕ್ಕೂ ಅವರದೇ ಹೆಸರು. ನೀರು ನಿಂತಾಗ ಹಿನ್ನೀರು ಉಪನದಿ ಘಟಪ್ರಭಾದಲ್ಲಿ ಹಿಂದಕ್ಕೆ ಏರಿ ಬಾಗಲಕೋಟೆಗೂ ಬರುತ್ತೆ. ಅದಕ್ಕೆ ನವನಗರ ಅಂತ ಹೊಸ ಊರು ಕಟ್ಟಿದ್ರು. ಖ್ಯಾತ ವಾಸ್ತುಶಿಲ್ಪಿ ಚಾರ್ಲ್ಸ್ ಕೊರಿಯಾ ಅದರ ಯೋಜನೆ ಮಾಡಿದವರು. ಅಗಲ ರಸ್ತೆ, ಗಿಡ, ಸೆಕ್ಟರ್ ನಂಬರ್. ಚೆಂದ ಇದೆ, ಸುಳ್ಳು ಹೇಳಲ್ಲ. ಈ ಯೋಜನೆಯ ನೀರಿನಿಂದ ನಮ್ಮ ಒಣ ಜಿಲ್ಲೆಗಳ ಎಷ್ಟೋ ಹೊಲಗಳಲ್ಲಿ ಬೆಳೆ ಬಂದಿದ್ದೂ ನಿಜ.

ಹಳೇ ಊರು ಪೂರ್ತಿ ಸತ್ತಿಲ್ಲ. ಮೇಲಿನ ಭಾಗದಲ್ಲಿ ಪೇಟೆ ಇದೆ, ಹೋಳಿ ಬಂದ್ರೆ ಹಲಗಿ ಸಪ್ಪಳಕ್ಕೆ, ಬಣ್ಣದ ಬಂಡಿಗಳಿಗೆ ಇಡೀ ಜಿಲ್ಲೆ ಅಲ್ಲಿ ಸೇರುತ್ತೆ. ಖಾಲಿ ಇರೋದು ಹೊಳೆ ಕಡೆಗಿನ ಭಾಗ. ಫೋಟೋ ಅಲ್ಲಿಯದೇ: ಬಳ್ಳಾರಿ ಜಾಲಿ, ಅಡಿಪಾಯದ ಕಲ್ಲು, ಅರ್ಧ ಗೋಡೆ, ಆಚೆ ನೀರು. ಬೋರ್ಡು ಇಲ್ಲ, ಬೇಲಿ ಇಲ್ಲ, ಟಿಕೆಟ್ ಇಲ್ಲ.

ಐಹೊಳೆಯಲ್ಲಿ ಎರಡು ತಾಸು ಮಾತಾಡಿದ ಕಾಕಾ ಇಲ್ಲಿ ಹೇಳಿದ್ದು ನಾಲ್ಕೇ ಮಾತು. "ಇಲ್ಲಿ ಓಣಿ ಇದ್ವು. ಮಂದಿ ಇದ್ರು. ನೀರ ಬಂತು. ಹೋದ್ರು." ಹುಡುಗರು ರೀಲ್ಸ್ ಶುರು ಮಾಡಿದ್ರು. ನಾನು ಅವ್ವನಿಗೆ ವಿಡಿಯೋ ಕಾಲ್ ಮಾಡಿ "ಆಯಿಗೆ ಕೊಡು" ಅಂದೆ.

6/7
ಈ ಭಾಗಕ್ಕೆ ಫೋಟೋ ತೆಗೆಯೋಕೆ ಕೈ ಬಿಡುವಿರಲಿಲ್ಲ. ಮೆಟ್ಟಿಲಿನ ಫೋಟೋ ಆಮೇಲೆ ತೆಗೆದಿದ್ದು.

"ಎಲ್ಲಿ ನಿಂತಿಯಬೇ ಯವ್ವಾ?"
"ಹಳೇ ಬಾಗಲಕೋಟಿ, ಆಯಿ. ನೀರಿನ ಬಾಜೂಕ."
"ಹೊಳೀಗೆ ಯಾಕ ಹೋದಿ? ಹೊಳಿ ನಮ್ಮನಿಯಿಂದ ಭಾಳ ದೂರ ಐತಿ. ಹಿಂದಕ್ಕ ಬಾ."

ನಾನು ನಿಂತಿದ್ದು ಬಹುಶಃ ಅವರ ಓಣಿಯ ಹತ್ತಿರವೇ. ಹೊಳೆಯೇ ಮನೆ ತನಕ ಬಂದಿದೆ ಅಂತ ಹೇಳೋಕೆ ನನಗೆ ಬಾಯಿ ಬರಲಿಲ್ಲ.

"ಬಾವಿಗೆ ಬೆನ್ನ ಹಾಕಿ ನಿಲ್ಲು," ಅಂದ್ಳು. "ಬಲಕ್ಕ ಹಿಟ್ಟಿನ ಗಿರಣಿ. ಅದರ ಮುಂದ ಬೇವಿನ ಗಿಡ. ಅಲ್ಲಿಂದ ಮೂರನೇ ಬಾಗಲಾ ನಮ್ದು." ಬಾವಿ ಇಲ್ಲ, ಗಿರಣಿ ಇಲ್ಲ, ಗಿಡ ಇಲ್ಲ. ಬೆಳಗಿನ ಚಹಾ ಮರೆಯೋ ಆಯಿ ತಡವರಿಸದೆ ದಾರಿ ಹೇಳ್ತಿದ್ಳು. ನಾನು ಜಾಲಿ ಕಂಟಿ ನಡುವೆ ಸುತ್ತುತ್ತಿದ್ದೆ.

ಕಾಕಾ ಹತ್ತಿರ ಬಂದು ಕೇಳಿಸಿಕೊಂಡ್ರು. ನನ್ನ ಕೈಯಿಂದ ಮೊಬೈಲ್ ತಗೊಂಡು, "ಅಮ್ಮಾರ, ಬಾವಿ ಮುಂದ ಕಟ್ಟಿ ಇತ್ತಲ್ರೀ, ಆ ಬಾವೀನ?" ಅಂದ್ರು. "ಹೌದ್ರಿಯಪ್ಪಾ, ಅದ!" ಅಂದ್ಳು ಆಯಿ. ಅವಳ ದನಿ ಅಷ್ಟು ಜೋರಾಗಿ ಕೇಳಿ ನನಗೆ ವರ್ಷ ಆಗಿತ್ತು. ಕಾಕಾ ಕೊಡೆ ಹಿಡಿದು ಮುಂದೆ ನಡೆದ್ರು, ನಾನು ಹಿಂದೆ. ಕೊನೆಗೆ ಕಲ್ಲಿನ ಮೆಟ್ಟಿಲು ಸಿಕ್ಕವು, ಅವುಗಳ ಮೇಲೆ ಮನೆ ಇಲ್ಲ. ಕ್ಯಾಮೆರಾ ತಿರುಗಿಸಿ ತೋರಿಸಿದೆ.

"ಎಷ್ಟ ಅದಾವು?"
"ಮೂರು, ಆಯಿ."
"ನಮ್ದು ನಾಕ."

ಒಂದು ಮೆಟ್ಟಿಲು ಹೂಳಲ್ಲಿ ಹೂತಿರಬಹುದು. ಅಥವಾ ಅದು ಬೇರೆ ಯಾರದೋ ಮನೆ. ಆಯಿ ಸ್ವಲ್ಪ ಹೊತ್ತು ಸುಮ್ಮನಿದ್ದು, "ಇರ್ಲಿ, ಯಾರದಾದ್ರೂ ನಮ್ಮ ಓಣೀದ. ಅಲ್ಲೇ ಒಂದೀಟ ಕೂತ ಬಾ," ಅಂದ್ಳು. ಕೂತೆ. ಆಮೇಲೆ ರೀಲ್ಸ್ ಬಿಟ್ಟು ಇನ್ನೂ ಮೂವರು ಬಂದು ಕೂತ್ರು, ಯಾರೂ ಏನೂ ಕೇಳಲಿಲ್ಲ.

7/7
ಕೊನೇ ಫೋಟೋ ಮುತ್ಯಾನ ಉದ್ರಿ ಪುಸ್ತಕದ ರಟ್ಟು. ಅವತ್ತು ರಾತ್ರಿ ಮನೆ ಮುಟ್ಟಿದಾಗ ಆಯಿ ಅದನ್ನ ಟ್ರಂಕಿನಿಂದ ತೆಗೆಸಿ ಮಡಿಲಲ್ಲಿ ಇಟ್ಕೊಂಡು ಕೂತಿದ್ಳು. ಒಳಗಿನ ಪುಟ ತೋರಿಸಲ್ಲ. ಯಾರ ಬಾಕಿ ಎಷ್ಟು ಅಂತ ಹೊರಗೆ ಹೇಳೋದು ಮುತ್ಯಾಗೆ ಸೇರ್ತಿರಲಿಲ್ಲ.

ಬಾಕಿ ಉಳಿದವರು 61 ಜನ. ನಮ್ಮ ಭಾಷೆಯಲ್ಲಿ ಬ್ಯಾಡ್ ಡೆಟ್ಸ್. ಆದ್ರೆ ಮುತ್ಯಾ ಬರೀ ಹೆಸರು ಬರೆದಿಲ್ಲ, ಗುರುತಿಗೆ ಮನೆಯನ್ನೂ ಬರೆದಿದ್ದಾನೆ. ಗಿರಣಿ ಎದುರಿನ ಅಕ್ಕ. ಬಾವಿ ಕಡೆ ಮೂಲೆಮನಿ. ಬೇವಿನ ಗಿಡದ ಟೇಲರ್. ಓದ್ತಾ ಓದ್ತಾ ನನಗೆ ಹೊಳೆದಿದ್ದು, ಇದು ಬರೀ ಲೆಕ್ಕದ ಪುಸ್ತಕ ಅಲ್ಲ, ಆ ಓಣಿಯ ನಕ್ಷೆ.

ಈಗ ದಿನಾ ರಾತ್ರಿ ಊಟ ಆದ ಮೇಲೆ ನಾನು ಒಂದು ಪುಟ ಓದ್ತೀನಿ, ಆಯಿ ಹೇಳ್ತಾಳೆ, ಗ್ರಾಫ್ ಹಾಳೆ ಮೇಲೆ ಗೆರೆ ಎಳೀತೀನಿ. ಈವರೆಗೆ ಹನ್ನೊಂದು ಮನೆ ಆಗಿದೆ. ಕೆಲವು ದಿನ ಆಯಿಗೆ ಏನೂ ನೆನಪಾಗಲ್ಲ, ಆಗ ಪುಸ್ತಕ ಮುಚ್ಚಿ ಮಲಗ್ತೀವಿ. ಎಲ್ಲ 61 ಮುಗಿಯುತ್ತಾ, ಆಯಿಯ ನೆನಪು ಅಲ್ಲೀತನಕ ಇರುತ್ತಾ ಅನ್ನೋ ಭಯ ಇದೆ. ಐದು ವರ್ಷ ಮುಂಚೆ ಶುರು ಮಾಡಬಹುದಿತ್ತು, ನಾನು ಮೊಬೈಲ್ ನೋಡ್ತಿದ್ದೆ.

ಇನ್ನೊಂದು ಮಾತು. ಆಲಮಟ್ಟಿಯಲ್ಲಿ ಈಗ ನೀರು ನಿಲ್ಲೋದು 519.60 ಮೀಟರ್ ತನಕ. ಅದನ್ನ 524.256 ಮೀಟರಿಗೆ ಏರಿಸೋಕೆ 2010ರಲ್ಲಿ ನ್ಯಾಯಮಂಡಳಿ ಒಪ್ಪಿದೆ. ಹಾಗಾದ್ರೆ ಇನ್ನಷ್ಟು ಹಳ್ಳಿಗಳು ಏಳಬೇಕಾಗುತ್ತೆ. ಬೇಕೋ ಬೇಡವೋ ಅನ್ನೋ ವಾದಕ್ಕೆ ನಾನು ಬಂದಿಲ್ಲ. ಆ ಹಳ್ಳಿಯವರು ಯಾರಾದ್ರೂ ಇದನ್ನ ಓದ್ತಿದ್ರೆ, ನಿಮ್ಮ ಓಣಿಯ ನಕ್ಷೆ ಈಗಲೇ ಬರೆದಿಟ್ಕೊಳ್ಳಿ. ಯಾವ ಮನೆ ಯಾರದು, ಬಾವಿ ಎಲ್ಲಿ, ಎಷ್ಟು ಮೆಟ್ಟಿಲು. ಎರಡು ಪುಟ ಸಾಕು.

ಉಳಿದವರು ಇವತ್ತು ಅಜ್ಜ-ಅಜ್ಜಿ ಹತ್ರ ಹೋಗಿ ಒಂದೇ ಪ್ರಶ್ನೆ ಕೇಳಿ: "ನಿಮ್ಮ ಹಳೇ ಮನೆಗೆ ದಾರಿ ಹೇಗೆ?" ರೆಕಾರ್ಡ್ ಆನ್ ಮಾಡಿ, ಮೊಬೈಲ್ ಕೆಳಗಿಡಿ, ಎದ್ದು ಹೋಗಬೇಡಿ.

ಮತ್ತೆ ನಿಮ್ಮ ಮನೆಯಲ್ಲಿ ಯಾರಾದ್ರೂ ಹಳೇ ಬಾಗಲಕೋಟೆಯ ಖಣದ ಅಂಗಡಿಯಲ್ಲಿ ಉದ್ರಿ ಹೇಳಿದ್ದು ನೆನಪಿದ್ರೆ ಮೆಸೇಜ್ ಮಾಡಿ. ವಸೂಲಿಗಲ್ಲ, ಹೆದರಬೇಡಿ! ನಿಮ್ಮ ಮನೆ ಗಿರಣಿಯ ಯಾವ ಕಡೆಗಿತ್ತು ಅಂತ ಆಯಿ ಕೇಳ್ತಿದ್ದಾಳೆ.

#ಪಟ್ಟದಕಲ್ಲು #ಐಹೊಳೆ #ಹಳೇಬಾಗಲಕೋಟೆ #ಮುಳುಗಡೆನಗರಿ #ಬಿಕಾಂಟ್ರಿಪ್