ಅಳಿಸುವ ಮುನ್ನ

2020ನೆಯ ಇಸವಿಯ ಶ್ರಾವಣ ಮುಗಿದು ಭಾದ್ರಪದ ಕಾಲಿಟ್ಟಿದ್ದ ದಿನಗಳು. ಕೊರೊನಾ ಕಾರಣದಿಂದ ಶಾಲೆಗಳು ಮುಚ್ಚಿದ್ದವು. ಮಠಗಳ ಅಂಗಳದಲ್ಲಿ ನಡೆಯಬೇಕಾಗಿದ್ದ ಶ್ರಾವಣದ ಪ್ರವಚನಗಳು ಆ ವರ್ಷ ಬಹುಮಟ್ಟಿಗೆ ಮೊಬೈಲ್ ಫೋನುಗಳಲ್ಲಿಯೇ ಕೇಳಿಬಂದಿದ್ದವು. ಅಂಥ ಒಂದು ಮುಂಜಾವಿನಲ್ಲಿ ಸಿಂದಗಿ ತಾಲ್ಲೂಕಿನ ರೈತರೊಬ್ಬರು ತಮ್ಮ ತೊಗರಿ ಹೊಲದ ಬದುವಿನ ಮೇಲೆ ನಿಂತು ಫೋನಿನ ಪರದೆಯನ್ನೇ ದಿಟ್ಟಿಸುತ್ತಿದ್ದರು. ರೈತರೇ ತಮ್ಮ ಬೆಳೆಯ ವಿವರವನ್ನು ದಾಖಲಿಸುವ ಬೆಳೆ ಸಮೀಕ್ಷೆಯ ಆ್ಯಪನ್ನು ರಾಜ್ಯ ಸರ್ಕಾರವು ಆ ಮುಂಗಾರಿನಲ್ಲಿ ಜಾರಿಗೆ ತಂದಿತ್ತು. ಹೊಲದಲ್ಲಿ ನಿಂತು, ಸರ್ವೆ ನಂಬರು ಆರಿಸಿ, ಬೆಳೆಯ ಹೆಸರು ನಮೂದಿಸಿ, ಅದರ ಚಿತ್ರ ತೆಗೆದು ಕಳುಹಿಸಬೇಕು. ಬೆಳೆ ವಿಮೆಗೆ, ಬೆಂಬಲ ಬೆಲೆಯ ಖರೀದಿಗೆ, ನಷ್ಟ ಪರಿಹಾರಕ್ಕೆ ಆ ದಾಖಲೆ ಬೇಕಾಗುತ್ತದೆ. ಆದರೆ ಅವರ ಫೋನು ಆ ಆ್ಯಪನ್ನು ಒಳಗೆ ಬಿಟ್ಟುಕೊಳ್ಳಲೊಲ್ಲದು. ಸಾಕಷ್ಟು ಜಾಗವಿಲ್ಲ ಎಂಬ ಒಂದೇ ಉತ್ತರ. ಎರಡು ಸಾರಿ ಯತ್ನಿಸಿದರು, ಮೂರು ಸಾರಿ ಯತ್ನಿಸಿದರು, ಉತ್ತರ ಬದಲಾಗಲಿಲ್ಲ.

ಅವರ ಕೋಪವೆಲ್ಲ ಒಂಬತ್ತನೆಯ ತರಗತಿಯಲ್ಲಿ ಓದುತ್ತಿದ್ದ ಕಿರಿಯ ಮಗನ ಮೇಲೆ ತಿರುಗಿತು. ಪಾಠ ಕೇಳಲೆಂದು ಕೈಗೆ ಕೊಟ್ಟ ಫೋನಿನಲ್ಲಿ ಅವನು ಗುಂಡು ಹಾರಿಸುವ ಆಟವನ್ನು ತುಂಬಿಕೊಂಡಿದ್ದನಲ್ಲ! ಮನೆಗೆ ಬಂದವರೇ ಆಟವನ್ನು ತೆಗೆದುಹಾಕೆಂದು ಗದರಿದರು. ಹುಡುಗ ಫೋನನ್ನು ಎದೆಗವಚಿಕೊಂಡು, "ಯಪ್ಪಾ, ಅದನ್ನ ತಗೀಬ್ಯಾಡ. ಅಣ್ಣ ರಾತ್ರಿ ಅದರಾಗ ಮಾತಾಡತಾನ" ಎಂದ. ಹಿರಿಯ ಮಗ ಪುಣೆಯ ಒಂದು ಕಾರ್ಖಾನೆಯಲ್ಲಿ ದುಡಿಯುತ್ತಿದ್ದ. ಲಾಕ್‌ಡೌನಿನಲ್ಲಿ ಊರಿಗೆ ಬಂದು ಎರಡು ತಿಂಗಳು ಇದ್ದು, ಮತ್ತೆ ಕೆಲಸ ಹುಡುಕಿಕೊಂಡು ಹೋದವನು. ರಾತ್ರಿ ಒಂಬತ್ತಕ್ಕೆ ಅಣ್ಣತಮ್ಮಂದಿರಿಬ್ಬರೂ ಆಟದೊಳಗೆ ಸೇರುತ್ತಿದ್ದರು. ಆಡುತ್ತ ಆಡುತ್ತ ಊಟದ್ದು, ಎತ್ತಿನದು, ಅವ್ವನ ಮೊಣಕಾಲು ನೋವಿನದು ಮಾತಾಡುತ್ತಿದ್ದರು. ತಂದೆಗೆ ಇದು ತಿಳಿದಿರಲಿಲ್ಲ. ತಿಳಿದ ಮೇಲೂ ಅವರ ಮನಸ್ಸು ಕರಗಲಿಲ್ಲ. ಹೊಲ ದೊಡ್ಡದೋ ಆಟ ದೊಡ್ಡದೋ ಎಂಬುದು ಅವರ ಪ್ರಶ್ನೆ. ರೈತನಾದವನಿಗೆ ಅದು ಅನ್ಯಾಯದ ಪ್ರಶ್ನೆಯೇನಲ್ಲ.

ಮರುದಿನ ಅವರು ಫೋನು ಹಿಡಿದು ಸಿಂದಗಿಯ ಒಂದು ಮೊಬೈಲ್ ಅಂಗಡಿಗೆ ಹೋದರು. ಅಂಗಡಿಯವನು ಫೋನನ್ನು ಅತ್ತಿತ್ತ ತಿರುಗಿಸಿ ನೋಡಿ, "ಫಾರ್ಮ್ಯಾಟ್ ಹೊಡದ ಬಿಡೂಣ್ರಿ, ಹೊಸಾದ್ರಂಗ ಆಗತೈತಿ" ಎಂದ. ಒಂದೇ ಗುಂಡಿಯಲ್ಲಿ ಎಲ್ಲ ತೊಂದರೆ ತೊಳೆದುಹೋಗುವುದಾದರೆ ಯಾರಿಗೆ ಬೇಡ? ಅವರು ಹೂಂ ಎನ್ನುವಷ್ಟರಲ್ಲಿ, ಮನೆಗೊಮ್ಮೆ ತಿಳಿಸಿಬಿಡೋಣ ಎಂದುಕೊಂಡು ಅಂಗಡಿಯ ಫೋನಿನಿಂದ ಕರೆ ಮಾಡಿದರು. ಹೆಂಡತಿ ಕೇಳಿದವರೇ, "ಬ್ಯಾಡ್ರಿ, ಬ್ಯಾಡ್ರಿ. ಮಾವನವರ ಮಾತು ಅದರಾಗ ಐತಿ" ಎಂದು ಕೂಗಿಕೊಂಡರು.

ಆ ಮಾತಿನ ಕಥೆ ಇಷ್ಟು. ಮನೆಯ ಹಿರಿಯರು 2019ರ ಮಳೆಗಾಲದಲ್ಲಿ ಮುದ್ದೇಬಿಹಾಳದಲ್ಲಿದ್ದ ಮಗಳ ಮನೆಗೆ ಹೋಗಿದ್ದರು. ಅಲ್ಲಿಂದ ಮೊಮ್ಮಗಳ ಫೋನು ಹಿಡಿದು ವಾಟ್ಸ್‌ಆ್ಯಪಿನಲ್ಲಿ ಒಂದು ಧ್ವನಿ ಸಂದೇಶ ಕಳುಹಿಸಿದ್ದರು: ತೊಗರಿಯ ಕುಡಿ ಚಿವುಟಿದಿರೋ ಇಲ್ಲವೋ, ಮಳೆ ಹೇಗಿದೆ, ಕರುವಿಗೆ ಹುಲ್ಲು ಹಾಕಿದಿರಾ ಎಂಬ ನಾಲ್ಕು ಮಾತು, ನಡುವೆ ಒಂದು ಕೆಮ್ಮು. ಒಟ್ಟು 38 ಸೆಕೆಂಡು. ಆ ದೀಪಾವಳಿ ಕಳೆದ ಮೇಲೆ ಅವರು ಲಿಂಗೈಕ್ಯರಾದರು. ಅವರ ಧ್ವನಿ ಬೇರೆಲ್ಲಿಯೂ ಉಳಿದಿರಲಿಲ್ಲ. ಫಾರ್ಮ್ಯಾಟ್ ಎಂದರೆ ಮನೆಯ ಕಸವನ್ನು ಗುಡಿಸುವುದಲ್ಲ, ಮನೆಯನ್ನೇ ಕೆಡವಿ ಬಯಲು ಮಾಡುವುದು. ಫೋನು ಕಾರ್ಖಾನೆಯಿಂದ ಬಂದ ದಿನ ಹೇಗಿತ್ತೋ ಹಾಗಾಗುತ್ತದೆ. ಬೇರೆಡೆ ಪ್ರತಿ ತೆಗೆದಿಡದ ಯಾವುದೂ ಅದರಲ್ಲಿ ಉಳಿಯುವುದಿಲ್ಲ. ಅಂಗಡಿಯವನು ಕೇಡು ಬಗೆದವನಲ್ಲ. ಒಳಗೇನಿದೆ ಎಂದು ಅವನು ಕೇಳಲಿಲ್ಲ, ಇವರು ಹೇಳಲಿಲ್ಲ, ಅಷ್ಟೆ.

ಆ ಭಾನುವಾರ ಹೆಂಡತಿಯ ತಮ್ಮ ಬಂದರು. ಬಸವನ ಬಾಗೇವಾಡಿಯಲ್ಲಿ ಪ್ರಾಥಮಿಕ ಶಾಲೆಯ ಶಿಕ್ಷಕರು. ವಾರವೆಲ್ಲ ವಿದ್ಯಾಗಮದ ಪಾಠವೆಂದು ಗುಡಿಯ ಕಟ್ಟೆ, ಮರದ ನೆರಳು ಎಂದು ತಿರುಗಿ ದಣಿದಿದ್ದರೂ, ಅಕ್ಕ ಹೇಳಿಕಳುಹಿಸಿದ್ದರಿಂದ ಬಂದಿದ್ದರು. ಭಾವನನ್ನೂ ಅಳಿಯನನ್ನೂ ಪಡಸಾಲೆಯಲ್ಲಿ ಎದುರಿಗೆ ಕೂರಿಸಿಕೊಂಡು, "ಭಾವಾರ, ಮೊದಲ ಅಳಸೂದು ಬ್ಯಾಡ. ಮೊದಲ ನೋಡೂಣು" ಎಂದರು.

ಸೆಟ್ಟಿಂಗ್‌ಗಳಲ್ಲಿ ಸಂಗ್ರಹಣೆ ಎಂಬ ಪುಟವನ್ನು ತೆರೆದರೆ ಫೋನಿನೊಳಗಿನ ಜಾಗವನ್ನು ಯಾವುದು ಎಷ್ಟು ಹಿಡಿದಿದೆ ಎಂಬುದು ಕಾಣುತ್ತದೆ. ಅದು 16 ಜಿ.ಬಿ. ಫೋನು. ಕೊಳ್ಳುವಾಗ ಹೇಳುವ ಆ 16ರಲ್ಲಿ ಸುಮಾರು ಐದನ್ನು ಫೋನಿನ ಸ್ವಂತ ವ್ಯವಸ್ಥೆಯೇ ನುಂಗಿತ್ತು. ಮನೆಯವರಿಗೆ ದಕ್ಕಿದ್ದು ಹನ್ನೊಂದು. ಆಟ ಹಿಡಿದದ್ದು 2.3 ಜಿ.ಬಿ. "ನೋಡಿದಿ ಏನು?" ಎಂದು ತಂದೆ ಮಗನ ಕಡೆ ಹುಬ್ಬೇರಿಸಿದರು. ಕಡತಗಳ ಪಟ್ಟಿಯಲ್ಲಿ ಇನ್ನೂ 1.9 ಜಿ.ಬಿ.ಯ ಒಂದು ಫೋಲ್ಡರ್ ಇತ್ತು. ನೆಟ್‌ವರ್ಕ್ ದುರ್ಬಲವಾದ ಹಳ್ಳಿಯಲ್ಲಿ ಹುಡುಗರು ದೊಡ್ಡ ಆಟಗಳನ್ನು ಇಂಟರ್ನೆಟ್ಟಿನಿಂದ ಇಳಿಸಿಕೊಳ್ಳುವುದಿಲ್ಲ. ಗೆಳೆಯನ ಫೋನಿನಿಂದ ನೇರವಾಗಿ ತಮ್ಮ ಫೋನಿಗೆ ದಾಟಿಸಿಕೊಳ್ಳುತ್ತಾರೆ. ಹಾಗೆ ದಾಟಿಬಂದ ಮೂಲ ಪ್ರತಿ, ಆಟವನ್ನು ಸ್ಥಾಪಿಸಿದ ಮೇಲೂ ಆ ಫೋಲ್ಡರಿನಲ್ಲಿ ಹಾಗೆಯೇ ಬಿದ್ದಿರುತ್ತದೆ. ಒಂದೇ ಆಟ ಎರಡು ಸಾರಿ ಜಾಗ ತಿಂದಿತ್ತು. ದಾಟಿಸುವ ಷೇರ್‌ಇಟ್‌ನಂಥ ಆ್ಯಪ್‌ಗಳು 2020ರ ಜೂನ್ 29ರಂದೇ, 59 ಆ್ಯಪ್‌ಗಳ ಪಟ್ಟಿಯಲ್ಲಿ ನಿಷೇಧಗೊಂಡಿದ್ದವು. ಅವು ತಂದುಹಾಕಿದ ಹೊರೆ ಮಾತ್ರ ಫೋನುಗಳಲ್ಲಿ ಉಳಿದಿತ್ತು.

ಪಟ್ಟಿಯ ತುದಿಯಲ್ಲಿ ಎಲ್ಲಕ್ಕಿಂತ ದೊಡ್ಡದು ಇತ್ತು. ವಾಟ್ಸ್‌ಆ್ಯಪ್: 4.2 ಜಿ.ಬಿ. ಅದನ್ನು ಬಳಸುತ್ತಿದ್ದವರು ಮಗನಲ್ಲ. ಶಿಕ್ಷಕರು ಒಂದೊಂದೇ ಗುಂಪನ್ನು ತೆರೆದು ತೋರಿಸಿದರು. ಶ್ರಾವಣದ ಮೂವತ್ತು ದಿನಗಳ ಪ್ರವಚನದ ತುಣುಕುಗಳು, ಹೂವಿನ ಮೇಲೆ ಬರೆದ ಶುಭೋದಯಗಳು, ಕೊರೊನಾಕ್ಕೆ ಕಷಾಯಗಳು, ಯಾವುದೋ ರಾಜ್ಯದ ಪ್ರವಾಹದ ವಿಡಿಯೊಗಳು. ಬಂದ ಚಿತ್ರವೂ ವಿಡಿಯೊವೂ ತಾವಾಗಿಯೇ ಇಳಿದು ಕೂರುವಂತೆ ಆ ಫೋನು ಇತ್ತು. ಅರ್ಧಕ್ಕಿಂತ ಹೆಚ್ಚಿನವನ್ನು ಅವರು ತೆರೆದೇ ನೋಡಿರಲಿಲ್ಲ. ಪಡಸಾಲೆಯಲ್ಲಿ ಯಾರೂ ಮಾತಾಡಲಿಲ್ಲ. ಹುಡುಗ ನಗಲಿಲ್ಲವೆಂಬುದು ಅವನ ದೊಡ್ಡತನ. ತಂದೆ ಮಾತ್ರ ಬಹಳ ಹೊತ್ತಿನ ಮೇಲೆ, "ದೇವರ ಮಾತಿಗೂ ಜಾಗ ಬೇಕಾಗತೈತಿ ಅಂತ ಗೊತ್ತಿರಲಿಲ್ಲ" ಎಂದರು.

ಶಿಕ್ಷಕರು ಆಗ ಅಳಿಯನಿಗೆ ಮೂರು ಮಾತು ಬಿಡಿಸಿ ಹೇಳಿದರು. ಪ್ರತಿಯೊಂದು ಆ್ಯಪಿನ ಪುಟದಲ್ಲಿಯೂ ಕ್ಯಾಷ್ ತೆರವು, ಡೇಟಾ ತೆರವು, ಅನ್‌ಇನ್‌ಸ್ಟಾಲ್ ಎಂಬ ಮೂರು ಬಾಗಿಲುಗಳಿರುತ್ತವೆ. ಮೂರೂ ಒಂದೇ ಎಂದು ತಿಳಿಯುವುದರಿಂದಲೇ ಹೆಚ್ಚಿನ ನಷ್ಟಗಳಾಗುವುದು. ಕ್ಯಾಷ್ ಎಂಬುದು ಅಡುಗೆಮನೆಯ ಕೊಡದ ನೀರಿನಂತೆ. ಪದೇ ಪದೇ ಬಾವಿಗೆ ಹೋಗಬಾರದೆಂದು ತುಂಬಿಟ್ಟುಕೊಂಡದ್ದು. ಚೆಲ್ಲಿದರೆ ಮತ್ತೆ ತುಂಬಿಕೊಳ್ಳುತ್ತದೆ, ಕಳೆದುಹೋಗುವುದೇನಿಲ್ಲ. ಡೇಟಾ ಎಂಬುದು ಹಗೇವಿನ ಜೋಳವೂ ಹೌದು, ಸಾಲದ ಲೆಕ್ಕದ ಪುಸ್ತಕವೂ ಹೌದು. ಆಟದ ನಕ್ಷೆ, ಚಿತ್ರ, ಶಬ್ದಗಳು ಅದರಲ್ಲಿರುತ್ತವೆ; ಅವು ಮತ್ತೆ ಸಿಗುತ್ತವೆ. ಆದರೆ ಆಡುವವನ ಗುರುತೂ ಅದರಲ್ಲಿಯೇ ಇರುತ್ತದೆ. ಹೆಸರು ನೋಂದಾಯಿಸಿದವನ ಸಾಧನೆಯೆಲ್ಲ ಆಟದ ಕಂಪನಿಯ ಸರ್ವರಿನಲ್ಲಿ ಉಳಿದಿರುತ್ತದೆ. ಅತಿಥಿಯಾಗಿ ಆಡುವವನ ಗುರುತು ಬಹುಮಟ್ಟಿಗೆ ಆ ಫೋನಿಗೇ ಅಂಟಿಕೊಂಡಿರುವುದರಿಂದ, ಅಳಿಸಿದರೆ ತಿರುಗಿ ಬರುವುದು ಕಷ್ಟ. ಹುಡುಗ ಅತಿಥಿಯಾಗಿಯೇ ಆಡುತ್ತಿದ್ದ. ಇನ್ನು, ಡೇಟಾ ಅಳಿಸಿ ಆಟವನ್ನು ಉಳಿಸಿಕೊಳ್ಳುತ್ತೇನೆ ಎಂಬುದರಲ್ಲಿ ಹುರುಳಿಲ್ಲ. ಮರುದಿನ ಆಟ ತೆರೆದೊಡನೆ ಅಷ್ಟನ್ನೂ ಮತ್ತೆ ಇಳಿಸಿಕೊಳ್ಳುತ್ತದೆ; ದಿನಕ್ಕೆ ಒಂದೂವರೆ ಜಿ.ಬಿ. ಸಿಗುವ ರೀಚಾರ್ಜಿನಲ್ಲಿ ಅದು ಎರಡು ದಿನದ ಪಾಲು.

ಆಮೇಲೆ ಕೆಲಸಕ್ಕೆ ಕೈಹಾಕಿದರು. ಮೊದಲು ಮಾಡಿದ್ದು ಅಳಿಸುವ ಕೆಲಸವಲ್ಲ. ಹಿರಿಯರ ಆ ಧ್ವನಿಯನ್ನು ಹುಡುಕಿ, ಇಂಡಿಗೆ ಕೊಟ್ಟಿದ್ದ ಮಗಳಿಗೆ, ಪುಣೆಯ ಮಗನಿಗೆ, ಶಿಕ್ಷಕರ ಸ್ವಂತ ಇ-ಮೇಲಿಗೆ ಕಳುಹಿಸಿದರು. ಅದರ ಅಳತೆ ನೂರು ಕೆ.ಬಿ.ಗೂ ಕಡಿಮೆ. ಅಂದರೆ ಆ ಆಟವಿದ್ದ ಜಾಗದಲ್ಲಿ ಅಂಥ ಇಪ್ಪತ್ತು ಸಾವಿರ ಸಂದೇಶಗಳು ಹಿಡಿಯುತ್ತಿದ್ದವು. ಬಳಿಕ ಗೆಳೆಯನಿಂದ ಬಂದ 1.9 ಜಿ.ಬಿ.ಯ ಪ್ರತಿ ಹೋಯಿತು. ಎಲ್ಲ ಆ್ಯಪ್‌ಗಳ ಕ್ಯಾಷ್ ಹೋಯಿತು. ಅದರಿಂದ ಸಿಕ್ಕಿದ್ದು ಅಲ್ಪ. ವಾಟ್ಸ್‌ಆ್ಯಪಿನಲ್ಲಿ ಎಲ್ಲವನ್ನೂ ಒಮ್ಮೆಲೇ ಗುಡಿಸದೆ, ಗುಂಪು ಗುಂಪಾಗಿ, ವಿಡಿಯೊಗಳನ್ನು ಮಾತ್ರ ಆರಿಸಿ ತೆಗೆದರು. ಧ್ವನಿ ಸಂದೇಶಗಳನ್ನು ಮುಟ್ಟಲಿಲ್ಲ. ತಾವಾಗಿಯೇ ಇಳಿಯುವ ಏರ್ಪಾಟನ್ನು ನಿಲ್ಲಿಸಿದರು. ಐದೂವರೆ ಜಿ.ಬಿ.ಗೂ ಹೆಚ್ಚು ಜಾಗ ಬಿಡುವಾಯಿತು. ಆಟ ಇದ್ದಲ್ಲಿಯೇ ಇತ್ತು! ಹುಡುಗನ ಅತಿಥಿ ಲೆಕ್ಕವನ್ನೂ ಒಂದು ಖಾತೆಗೆ ಜೋಡಿಸಿದರು.

ಇಂಥ ಲೆಕ್ಕ ಹಾಕುವಾಗ ವಿಜಯಪುರ ಜಿಲ್ಲೆಯವರಿಗೆ ಇನ್ನೊಂದು ಲೆಕ್ಕ ನೆನಪಾಗುವುದು ಸಹಜ. ವಿಜಯಪುರದಲ್ಲಿ ವಕೀಲರಾಗಿದ್ದ ಫ. ಗು. ಹಳಕಟ್ಟಿಯವರು ಮನೆ ಮನೆ ತಿರುಗಿ ತಾಳೆಗರಿಗಳನ್ನು ಕೂಡಿಸಿ 1923ರಲ್ಲಿ ‘ವಚನಶಾಸ್ತ್ರಸಾರ’ವನ್ನು ಹೊರತಂದರು, ಆ ಕಾರ್ಯಕ್ಕಾಗಿ ಮುದ್ರಣಾಲಯವನ್ನೇ ತೆರೆದರು. ಈಗ ಸರ್ಕಾರದ ಸಮಗ್ರ ವಚನ ಸಂಪುಟಗಳು ಹದಿನೈದು. ಅವುಗಳಲ್ಲಿ ಇಪ್ಪತ್ತು ಸಾವಿರಕ್ಕೂ ಹೆಚ್ಚು ವಚನಗಳಿವೆ. ಗಣಕಯಂತ್ರದಲ್ಲಿ ಕನ್ನಡದ ಒಂದೊಂದು ಅಕ್ಷರ ಸಂಕೇತವೂ ಸಾಮಾನ್ಯವಾಗಿ ಮೂರು ಬೈಟ್‌ಗಳನ್ನು ಹಿಡಿಯುತ್ತದೆ. ವಚನವೊಂದಕ್ಕೆ ನಾನೂರು ಸಂಕೇತಗಳೆಂದು ಹಿಡಿದರೂ ಇಪ್ಪತ್ತು ಸಾವಿರ ವಚನಗಳು ಸುಮಾರು 24 ಎಂ.ಬಿ.ಯಲ್ಲಿ ಅಡಗುತ್ತವೆ. ಶ್ರಾವಣದಲ್ಲಿ ಬಂದಿದ್ದ ಪ್ರವಚನದ ಒಂದೆರಡು ತುಣುಕುಗಳಷ್ಟೂ ಅಲ್ಲ. ಮಾರಯ್ಯನು ಅಗತ್ಯಕ್ಕಿಂತ ಹೆಚ್ಚಾಗಿ ಆಯ್ದು ತಂದ ಅಕ್ಕಿಯನ್ನು ಲಕ್ಕಮ್ಮ ಅಲ್ಲಿಯೇ ಸುರಿದು ಬರಹೇಳಿದ ಕಥೆಯನ್ನು ಶಿಕ್ಷಕರು ಎತ್ತಲು ಹೋದಾಗ, ಅಕ್ಕ ನಡುವೆ ಬಾಯಿ ಹಾಕಿ, "ಮಾರಯ್ಯ ತಂದದ್ದು ಅವನ ಕಣ್ಣಿಗಾದ್ರೂ ಕಾಣತಿತ್ತು. ಇವರಿಗೆ ತಂದದ್ದ ಗೊತ್ತಿಲ್ಲ" ಎಂದರಂತೆ.

ಬೆಳೆ ಸಮೀಕ್ಷೆ ಮರುದಿನವೇ ಮುಗಿಯಿತು. ಹೊಲದ ಚಿತ್ರ ತೆಗೆದವನು ಮಗ; ಸರ್ವೆ ನಂಬರು ಹೇಳಿದವರು ತಂದೆ.

ಆಟದ ಕಥೆ ಮಾತ್ರ ಬೇರೆ ದಾರಿ ಹಿಡಿಯಿತು. ಕೆಲವೇ ದಿನಗಳಲ್ಲಿ, 2020ರ ಸೆಪ್ಟೆಂಬರ್ 2ರಂದು, ಕೇಂದ್ರ ಸರ್ಕಾರವು ಪಬ್‌ಜಿ ಮೊಬೈಲ್ ಸೇರಿದಂತೆ 118 ಆ್ಯಪ್‌ಗಳನ್ನು ನಿಷೇಧಿಸಿತು. ಹುಡುಗನದು ಅದೇ ಆಟ. ಫೋನಿನಲ್ಲಿ ಇದ್ದವರು ಇನ್ನೂ ಕೆಲವು ವಾರ ಆಡಿದರು. ಅಕ್ಟೋಬರ್ 30ರಂದು ಭಾರತದವರಿಗೆ ಸರ್ವರುಗಳೇ ಮುಚ್ಚಿಹೋದವು. ಜೋಪಾನವಾಗಿ ಜೋಡಿಸಿಟ್ಟ ಖಾತೆ ಎಲ್ಲಿಯೋ ದೂರದಲ್ಲಿ ಉಳಿಯಿತು, ಫೋನಿನೊಳಗೆ 2.3 ಜಿ.ಬಿ. ನಕ್ಷೆಗಳೂ ಬಂದೂಕುಗಳೂ ಉಳಿದವು, ಎರಡರ ನಡುವಣ ದಾರಿ ಇಲ್ಲವಾಯಿತು. ತಂದೆ ಈ ಸಾರಿ ಅಳಿಸೆಂದು ಹೇಳಲಿಲ್ಲ. ಹುಡುಗ ಹಲವು ದಿನ ರಾತ್ರಿ ಒಂಬತ್ತಕ್ಕೆ ಆಟವನ್ನು ತೆರೆದು, ಮುಂದೆ ಹೋಗದ ಪರದೆಯನ್ನು ನೋಡಿ, ಮುಚ್ಚಿಡುತ್ತಿದ್ದ. ಒಂದು ರಾತ್ರಿ ಅದೇ ಹೊತ್ತಿಗೆ ಪುಣೆಯಿಂದ ಕರೆ ಬಂತು. ಮೊದಲು ಇಬ್ಬರಿಗೂ ಏನು ಮಾತಾಡಬೇಕೋ ತಿಳಿಯಲಿಲ್ಲ. ಆಡುತ್ತ ಬರುತ್ತಿದ್ದ ಮಾತು ಸುಮ್ಮನೆ ಕೂತರೆ ಬರುವುದಿಲ್ಲ. ಕೊನೆಗೆ ಅಣ್ಣ ಎತ್ತಿನ ಸಮಾಚಾರ ಕೇಳಿದ. ಕಾರ್ತಿಕದಲ್ಲಿ ಹುಡುಗ ತಾನೇ ಅನ್‌ಇನ್‌ಸ್ಟಾಲ್ ಒತ್ತಿದ.

ಮುಂದಿನ ವರ್ಷದ ಶ್ರಾವಣದಲ್ಲಿ ವಿಡಿಯೊಗಳು ಮತ್ತೆ ಬಂದವು. ತಂದೆ ಒಂದೊಂದನ್ನೂ ಮಗನಿಗೆ ತೋರಿಸಿ, "ಎಷ್ಟ ಎಂ.ಬಿ. ಐತಿ ನೋಡೋ" ಎಂದು ಕೇಳಿ, ಆಮೇಲೆ ಕೇಳುವುದೋ ಬಿಡುವುದೋ ನಿರ್ಧರಿಸುತ್ತಿದ್ದರು. ಕೇಳಿದ್ದನ್ನು ಪೂರ್ತಿ ಕೇಳುತ್ತಿದ್ದರು.

2022ರ ಬೇಸಿಗೆಯಲ್ಲಿ ಆ ಫೋನಿನ ಬ್ಯಾಟರಿ ಉಬ್ಬಿ ಪರದೆ ಎದ್ದುಬಂತು, ಮತ್ತೆ ಹೊತ್ತಿಕೊಳ್ಳಲಿಲ್ಲ. ಹೊಸ ಫೋನಿಗೆ ಅದೇ ಸಿಮ್ ಹಾಕಿ ವಾಟ್ಸ್‌ಆ್ಯಪ್ ತೆರೆದಾಗ ಗುಂಪುಗಳು ಕಂಡವು, ಹಳೆಯ ಮಾತುಗಳು ಒಂದೂ ಇರಲಿಲ್ಲ. ಬ್ಯಾಕಪ್ ಇಡುವುದನ್ನು ಯಾರೂ ನೆನೆದಿರಲಿಲ್ಲ. ತಾಯಿ ಇಂಡಿಗೆ ಕರೆ ಮಾಡಿದರು. ಮಗಳು ಲಿಂಬೆ ತೋಟದಲ್ಲಿದ್ದಳು, ಸಂಜೆ ಮನೆಗೆ ಬಂದು ಹುಡುಕುತ್ತೇನೆ ಎಂದಳು. ರಾತ್ರಿ ಎಂಟಕ್ಕೆ ಫೋನು ಟಿಣ್ ಎಂದಿತು. ತೊಗರಿಯ ಕುಡಿ ಚಿವುಟಿದಿರೋ ಇಲ್ಲವೋ ಎಂದು ಹಿರಿಯರು ಕೇಳುತ್ತಿದ್ದರು.