ಮಿಂದ ಮೇಲೆ ಮೀಯುವುದು

ಜಪಾನಿನಲ್ಲಿ ಸ್ನಾನಕ್ಕೆ ಇಳಿಯಬೇಕಾದರೆ ಮೊದಲು ಸ್ನಾನ ಮಾಡಿಕೊಂಡಿರಬೇಕು. ಹೊಸಬರಿಗೆ ಇದು ಒಗಟು. ಅಲ್ಲಿಯವರಿಗೆ ಇದರಲ್ಲಿ ಗೊಂದಲವೇ ಇಲ್ಲ. ಕೊಳೆ ತೆಗೆಯುವುದು ಒಂದು ಕೆಲಸ, ಕುತ್ತಿಗೆಮಟ್ಟದ ಬಿಸಿನೀರಿನಲ್ಲಿ ಮುಳುಗಿ ಕೂರುವುದು ಇನ್ನೊಂದು ಕೆಲಸ. ಮೊದಲನೆಯದನ್ನು ನಲ್ಲಿಯ ಮುಂದೆ ಗಿಡ್ಡ ಮಣೆಯ ಮೇಲೆ ಕೂತು, ಕಿವಿಯ ಹಿಂದೆ, ಬೆರಳಿನ ಸಂದಿ ಯಾವುದನ್ನೂ ಬಿಡದೆ ಉಜ್ಜಿ, ಸೋಪಿನ ನೊರೆ ಚೂರೂ ಉಳಿಯದ ಹಾಗೆ ಮುಗಿಸಬೇಕು. ಆಮೇಲೆ ತೊಟ್ಟಿ. ತೊಟ್ಟಿಯೊಳಗೆ ಉಜ್ಜುವಂತಿಲ್ಲ, ತೊಳೆಯುವಂತಿಲ್ಲ, ಈಜುವಂತೂ ಇಲ್ಲವೇ ಇಲ್ಲ. ನತ್ಸುಮೆ ಸೊಸೆಕಿ 1906ರಲ್ಲಿ ಬರೆದ ‘ಬೊಚ್ಚಾನ್’ ಕಾದಂಬರಿಯ ಎಳೆಯ ಮೇಷ್ಟರು ಬಿಸಿನೀರಿನ ತೊಟ್ಟಿಯಲ್ಲಿ ಯಾರೂ ಇಲ್ಲದ್ದು ನೋಡಿ ಖುಷಿಯಾಗಿ ಈಜುತ್ತಾನೆ. ಮತ್ತೆ ಹೋದಾಗ ಈಜಬಾರದೆಂಬ ಫಲಕ ಅವನಿಗಾಗಿಯೇ ಕಾದಿರುತ್ತದೆ; ಶಾಲೆಗೆ ಹೋದರೆ ಕರಿಹಲಗೆಯ ಮೇಲೂ ಅದೇ ಬರಹ. ಆ ಕಥೆಗೆ ನೆಲೆಯಾದ ಮತ್ಸುಯಾಮಾ ಊರಿನ ದೋಗೊ ಎಂಬ ಬಿಸಿನೀರ ಬುಗ್ಗೆಯ ಸ್ನಾನದ ಮನೆಯಲ್ಲಿ, ಅಂದರೆ ಒನ್ಸೆನ್‌ನಲ್ಲಿ, 1894ರ ಆ ಮರದ ಕಟ್ಟಡದೊಳಗೆ, ‘ಬೊಚ್ಚಾನ್ ಈಜಬಾರದು’ ಎಂಬ ಫಲಕವನ್ನು ನಿಜವಾಗಿಯೇ ತಗುಲಿಹಾಕಿದ್ದಾರೆ. ಕಾದಂಬರಿಯ ಪಾತ್ರವನ್ನೂ ಬಿಡದೆ ಗದರುವ ಜನ ನಿಮ್ಮನ್ನು ಬಿಟ್ಟಾರೆಯೇ?

ನೀರಿನ ವಿಷಯದಲ್ಲಿ ಇಷ್ಟು ಬಿಗಿಯಾಗಿರುವವರು ಮೈಯ ವಿಷಯದಲ್ಲಿ ಪೂರಾ ಸಡಿಲ. ಉಟ್ಟದ್ದೆಲ್ಲವನ್ನೂ ಬುಟ್ಟಿಗೆ ಹಾಕಿಯೇ ಒಳಗೆ ಕಾಲಿಡಬೇಕು. ನಾವೋ ಹೊಳೆಯಲ್ಲಿ ಮುಳುಗೆದ್ದು, ಒದ್ದೆ ಪಂಚೆಯ ಮೇಲೆಯೇ ಒಣ ಪಂಚೆ ಸುತ್ತಿ, ಒಳಗಿನದನ್ನು ಯಾರಿಗೂ ತಿಳಿಯದ ಹಾಗೆ ಜಾರಿಸುವ ವಿದ್ಯೆಯನ್ನು ಅಪ್ಪನಿಂದ ಕಲಿತವರು. ಆ ವಿದ್ಯೆಗೆ ಅಲ್ಲಿ ಮೂರು ಕಾಸಿನ ಬೆಲೆಯಿಲ್ಲ. ಕೈಯಲ್ಲಿ ಇರುವುದು ಒಂದು ಕಿರಿದಾದ ಟವೆಲ್ಲು. ನಡೆಯುವಾಗ ಅದನ್ನು ಮುಂದೆ ಹಿಡಿದುಕೊಂಡರೆ ಯಾರೂ ಬೇಡ ಅನ್ನುವುದಿಲ್ಲ. ಆದರೆ ಅದು ತೊಟ್ಟಿಯ ನೀರಿಗೆ ತಾಗಕೂಡದು. ಹಾಗಾಗಿ ತೊಟ್ಟಿಯ ಅಂಚಿಗೆ ಬಂದವನ ಮುಂದೆ ಮಾನ ದೊಡ್ಡದೋ ನೀರು ದೊಡ್ಡದೋ ಎಂಬ ಪ್ರಶ್ನೆ ನಿಲ್ಲುತ್ತದೆ. ಜಪಾನೀಯರು ಅದನ್ನು ಎಂದೋ ಬಗೆಹರಿಸಿಕೊಂಡು, ಟವೆಲ್ಲನ್ನು ಮಡಿಚಿ ತಲೆಯ ಮೇಲಿಟ್ಟುಕೊಂಡು, ಕಣ್ಣು ಮುಚ್ಚಿ ಕೂತಿರುತ್ತಾರೆ.

ಹಿಂದೆ ಎಷ್ಟೋ ಕಡೆ ಗಂಡಸರು ಹೆಂಗಸರು ಒಂದೇ ತೊಟ್ಟಿಗೆ ಇಳಿಯುತ್ತಿದ್ದರು. ಅಮೆರಿಕದ ಕಮೊಡೋರ್ ಪೆರಿಯ ಹಡಗುಗಳು 1854ರಲ್ಲಿ ಶಿಮೊದಾಕ್ಕೆ ಬಂದಾಗ ಅವನ ಕಡೆಯವರು ಇದನ್ನು ಕಂಡು ಹೌಹಾರಿದರು. ಹೌಹಾರಿದರೂ ಚಿತ್ರ ಬರೆದುಕೊಳ್ಳುವುದನ್ನು ಮಾತ್ರ ಮರೆಯಲಿಲ್ಲ. ಅದು 1856ರ ಅವರ ಅಧಿಕೃತ ವರದಿಯಲ್ಲಿ ಅಚ್ಚಾಯಿತು. ಪರದೇಶದವರ ಮುಂದೆ ಮರ್ಯಾದೆ ಹೋಗುತ್ತದೆಂದು ಆಮೇಲೆ ಬಂದ ಮೇಜಿ ಸರ್ಕಾರ ಇದನ್ನು ನಿಷೇಧಿಸಿ ನಡುವೆ ಗೋಡೆ ಎಬ್ಬಿಸಿತು. ಗೋಡೆ ಇಂದಿಗೂ ಇದೆ, ಆದರೆ ಸೂರು ಮುಟ್ಟುವುದಿಲ್ಲ. ಆ ಕಡೆಯಿಂದ ಹೆಂಡತಿ “ಹೊರಡೋಣ್ವಾ?” ಎಂದು ಕೂಗಿದರೆ ಈ ಕಡೆಯಿಂದ ಗಂಡ “ಹ್ಞೂಂ” ಅನ್ನಬಹುದು. ದಾಂಪತ್ಯಕ್ಕೆ ಅಷ್ಟು ಎತ್ತರದ ಗೋಡೆ ಸಾಕು ಅನಿಸುತ್ತದೆ.

ಟೋಕಿಯೊದ ಎದೊಗಾವಾ ವಾರ್ಡಿನಲ್ಲಿ ನಮ್ಮ ದೇಶದವರು ಬಹಳ. ನಾನಿದ್ದದ್ದೂ ಅಲ್ಲಿಯೇ. ನನ್ನ ಬಾಡಿಗೆ ಮನೆಯ ಬಚ್ಚಲಿನಲ್ಲಿ ಬೆನ್ನು ಉಜ್ಜಲು ಹೋದರೆ ಮೊಣಕೈ ಗೋಡೆಗೆ ಬಡಿಯುತ್ತಿತ್ತು. ಹಾಗಾಗಿ ಬೀದಿಯ ತುದಿಯ ಸೆಂಟೊ, ಅಂದರೆ ಸಾರ್ವಜನಿಕ ಸ್ನಾನದ ಮನೆ, ನನ್ನದೇ ಬಚ್ಚಲಾಯಿತು. ಬಾಗಿಲಿಗೆ ನೀಲಿ ಬಟ್ಟೆಯ ತೋರಣ. ಹೊರಗೆ ಮರದ ಚೀಟಿಯನ್ನೇ ಕೀಲಿಯಾಗಿ ಉಳ್ಳ ಚಪ್ಪಲಿ ಗೂಡುಗಳು. ಒಳಗೆ ಹೋದರೆ ಗಂಡಸರ ಕಡೆಗೂ ಹೆಂಗಸರ ಕಡೆಗೂ ನಡುವೆ ಒಂದು ಎತ್ತರದ ಕಟ್ಟೆ. ಅದಕ್ಕೆ ಬಂದಾಯ್ ಎನ್ನುತ್ತಾರೆ. ಅದರ ಮೇಲೆ ಕನ್ನಡಕದ ಅಜ್ಜಿಯೊಬ್ಬರು ಕೂತು ಕಾಸು ತೆಗೆದುಕೊಳ್ಳುತ್ತ, ಎರಡೂ ಕಡೆ ನೋಡುತ್ತ, ಟಿವಿಯಲ್ಲಿ ಸುಮೊ ಕುಸ್ತಿ ನೋಡುತ್ತಿದ್ದರು. ಬೀದಿಯ ಗಂಡಸರೆಲ್ಲ ಅವರ ಕಣ್ಣೆದುರು ಹುಟ್ಟುಡುಗೆಯಲ್ಲಿ ನಿಂತು, “ಮೂಲಂಗಿ ರೇಟು ಏರಿದೆಯಲ್ಲಾ” ಎಂದು ಮಾತಾಡುವರು. ಅಜ್ಜಿಗೆ ಬೇಕಾದದ್ದು ಕುಸ್ತಿ. ನಮ್ಮನ್ನೆಲ್ಲ ಅವರು ಗೋಡೆಯ ಕ್ಯಾಲೆಂಡರಿಗಿಂತ ಹೆಚ್ಚು ಗಮನಿಸಿದ್ದನ್ನು ನಾನು ಕಾಣೆ. ಒಂದು ಬಗೆಯಲ್ಲಿ ಅದು ಅವಮಾನವೇ.

ಒಳಗಿನ ಹಳದಿ ಪ್ಲಾಸ್ಟಿಕ್ ಬೋಗುಣಿಯ ತಳದಲ್ಲಿ ಕೆಂಪು ಅಕ್ಷರದಲ್ಲಿ ‘ಕೆರೊರಿನ್’ ಎಂದು ಬರೆದಿತ್ತು. ಅದೊಂದು ತಲೆನೋವಿನ ಪುಡಿಯ ಹೆಸರು. 1963ರಲ್ಲಿ ಜಾಹೀರಾತಿಗೆಂದು ಸ್ನಾನದ ಮನೆಗಳಿಗೆ ಕೊಡಲು ಶುರುಮಾಡಿದ ಈ ಬೋಗುಣಿ ದೇಶವನ್ನೇ ತುಂಬಿತು. ಒಸಾಕಾ ಕಡೆಯ ಬೋಗುಣಿ ಗಾತ್ರದಲ್ಲಿ ಕೊಂಚ ಚಿಕ್ಕದು, ಏಕೆಂದರೆ ಅಲ್ಲಿಯವರು ತೊಟ್ಟಿಯಿಂದಲೇ ನೀರು ತೋಡಿ ಸುರಿದುಕೊಳ್ಳುತ್ತಾರೆ, ತುಂಬಿದ ಬೋಗುಣಿ ಎತ್ತಲು ಭಾರವಾಗಬಾರದು. ಎದುರು ಗೋಡೆಯ ತುಂಬ ಫುಜಿ ಪರ್ವತ. ಗೋಡೆಗೆ ಫುಜಿ ಬರೆಸುವ ರೂಢಿ 1912ರಲ್ಲಿ ಟೋಕಿಯೊದ ಕಾಂದಾ ಬಡಾವಣೆಯ ಒಂದು ಸೆಂಟೊದಿಂದ ಶುರುವಾದದ್ದು. ರಜಾದಿನ ಬಂದು ಒಂದೇ ಹಗಲಿನಲ್ಲಿ ಬೆಟ್ಟ, ಸಮುದ್ರ, ಪೈನ್ ಮರ ಎಲ್ಲ ಮುಗಿಸಿ ಹೋಗುವ ಆ ಕಲಾವಿದರು ಈಗ ಬೆರಳೆಣಿಕೆಯಷ್ಟೇ ಉಳಿದಿದ್ದಾರೆ. ಮುಳುಗುವ ಸೂರ್ಯನನ್ನು ಅವರು ಬರೆಯುವುದಿಲ್ಲ. ವ್ಯಾಪಾರಕ್ಕೆ ಅಪಶಕುನವಂತೆ.

ಇನ್ನು ಬಿಸಿ. ನಮ್ಮ ಸೆಂಟೊದಲ್ಲಿ ಎರಡು ತೊಟ್ಟಿ. ಒಂದು ಮನುಷ್ಯರಿಗೆ, ಇನ್ನೊಂದು ಒಜೀಸಾನ್‌ಗೆ. ಒಜೀಸಾನ್ ಎಂದರೆ ತಾತ. ತತಾಮಿ ಚಾಪೆ ಹೊಲಿಯುವ ಕಸುಬಿನಿಂದ ನಿವೃತ್ತರಾಗಿದ್ದ ಅವರನ್ನು ಎಲ್ಲರೂ ಹಾಗೇ ಕರೆಯುತ್ತಿದ್ದರು. ಅವರ ತೊಟ್ಟಿಯ ಮಾಪಕ ನಲವತ್ತೈದು ಡಿಗ್ರಿ ತೋರಿಸುತ್ತಿತ್ತು. ಹಂಡೆಯಿಂದ ತೋಡಿದ ನೀರನ್ನು ಬೆರಕೆ ಮಾಡದೆ ಮೈಮೇಲೆ ಸುರಿದುಕೊಂಡರೆ ಹೇಗೋ ಹಾಗೆ. ಪಕ್ಕದಲ್ಲಿ ತಣ್ಣೀರಿನ ನಲ್ಲಿಯಿತ್ತು. ಅದನ್ನು ತಿರುಗಿಸಲು ಯಾರಿಗೂ ಅಡ್ಡಿಯಿಲ್ಲ; ಒಜೀಸಾನ್ ನಿಮ್ಮತ್ತ ನೋಡುವ ನೋಟವನ್ನು ತಡೆದುಕೊಳ್ಳಬೇಕು, ಅಷ್ಟೆ.

“ಬಿಸಿಯಾ?” ಎಂದು ಕೇಳಿದರು ಒಮ್ಮೆ.

“ಛೆ, ಹಾಗೇನಿಲ್ಲ,” ಎಂದೆ. ಕಣ್ಣಲ್ಲಿ ನೀರು ಬರುತ್ತಿತ್ತು.

“ಅಲುಗಾಡಬೇಡಿ. ಅಲುಗಾಡಿದರೆ ಹೆಚ್ಚು ಸುಡುತ್ತೆ,” ಎಂದರು. ಮಾತು ನಿಜ. ಅಲ್ಲಾಡದೆ ಕೂತರೆ ಮೈ ಸುತ್ತಲಿನ ನೀರು ತುಸು ತಣಿಯುತ್ತದೆ. ನೆರೆಯವನು ತೊಟ್ಟಿಯಿಂದ ಎದ್ದನೋ, ಮತ್ತೆ ಮೊದಲಿಂದ ಸುಡಲು ಶುರು.

ಹೊರಗೆ ಜಪಾನಿನಲ್ಲಿ ಮಾತು ಬಹಳ ತುಟ್ಟಿ. ರೈಲಿನಲ್ಲಿ ಫೋನು ಬಂದರೆ ಯಾರೂ ಎತ್ತುವುದಿಲ್ಲ. ಲಿಫ್ಟಿನಲ್ಲಿ ಪಕ್ಕದ ಮನೆಯವರು ತಲೆಬಾಗಿ, ಚಳಿ ಶುರುವಾಯಿತು ಎನ್ನುತ್ತಾರೆ. ಆರು ತಿಂಗಳ ನಂತರ ಸೆಕೆ ಶುರುವಾಯಿತು ಎನ್ನುತ್ತಾರೆ. ಕಚೇರಿಯಲ್ಲಿ ಎದುರಿನವರ ವಿಸಿಟಿಂಗ್ ಕಾರ್ಡನ್ನು ಎರಡು ಕೈಯಲ್ಲಿ ತೆಗೆದುಕೊಂಡು ಓದಿದ ಮೇಲೆಯೇ ಎಷ್ಟು ಬಾಗಬೇಕೆಂದು ಬೆನ್ನಿಗೆ ಗೊತ್ತಾಗುವುದು. ತೊಟ್ಟಿಯಲ್ಲಿ ಕಾರ್ಡು ಇಟ್ಟುಕೊಳ್ಳಲು ಜಾಗವೇ ಇಲ್ಲವಲ್ಲ! ಅಲ್ಲಿ ಬಾಯಿ ಬಿಚ್ಚುತ್ತದೆ. ಒಜೀಸಾನ್‌ರ ಮಂಡಿನೋವು, ಸೊಸೆಯ ಅಡುಗೆ, ಪಿಂಚಣಿ, ಮೀನಂಗಡಿಯವನ ಸಾಲ ಎಲ್ಲ ನನಗೆ ಗೊತ್ತಾದದ್ದು ಅಲ್ಲಿ. ನನ್ನ ಹೆಸರನ್ನು ಅವರು ಕೊನೆಗೂ ಕಲಿಯಲಿಲ್ಲ. “ಇಂಡಿಯಾದವರೇ, ನಿಮ್ಮಲ್ಲಿ ದಿನಾ ಎಮ್ಮೆ ಹಾಲು ಕುಡೀತಾರಂತೆ, ಹೌದಾ?” ಎನ್ನುವರು. ಸ್ನಾನ ಮುಗಿದ ಮೇಲೆ ಗಾಜಿನ ಬಾಟಲಿಯ ತಣ್ಣನೆಯ ಕಾಫಿ ಹಾಲನ್ನು ಒಂದು ಕೈ ಸೊಂಟದ ಮೇಲಿಟ್ಟು ಒಂದೇ ಉಸಿರಿಗೆ ಕುಡಿಯಬೇಕೆಂದು ಹೇಳಿಕೊಟ್ಟವರೂ ಅವರೇ. ಚಿಕ್ಕಮಗಳೂರಿನ ಕಾಫಿ ಕುಡಿದು ಬೆಳೆದ ನಾಲಿಗೆ ಅದನ್ನು ಕಾಫಿ ಎಂದು ಒಪ್ಪಲಿಲ್ಲ. ಆದರೂ ಬಾಟಲಿ ಖಾಲಿಯಾಗುತ್ತಿತ್ತು.

ನಮ್ಮಜ್ಜಿ ಬಲು ಮಡಿ. ಅವರಿಗೆ ಜಪಾನಿನ ರೀತಿರಿವಾಜು ಹೇಳಿದ್ದರೆ ಮುಕ್ಕಾಲು ಪಾಲು ಮೆಚ್ಚಿಕೊಳ್ಳುತ್ತಿದ್ದರು. ಚಪ್ಪಲಿ ಹೊಸ್ತಿಲಲ್ಲೇ ಬಿಡಬೇಕು, ಒಳಗೆ ಓಡಾಡಲು ಬೇರೆ ಚಪ್ಪಲಿ, ಕಕ್ಕಸಿಗೆ ಇನ್ನೊಂದು, ತತಾಮಿ ಹಾಸಿದ ಕೋಣೆಯಲ್ಲಿ ಬರಿಗಾಲು. ಇಷ್ಟು ಕೇಳಿದ್ದರೆ ತಮ್ಮ ಅಡುಗೆಮನೆಯ ಕೀಲಿಯನ್ನೇ ಕೊಟ್ಟುಬಿಡುತ್ತಿದ್ದರು. ಆದರೆ ತೊಳೆದುಕೊಂಡ ಮೇಲೆ ದರ್ಜಿ, ಮೀನು ಮಾರುವವ, ಬ್ಯಾಂಕಿನ ಮ್ಯಾನೇಜರು ಎಲ್ಲ ಒಂದೇ ನೀರಿಗೆ ಇಳಿಯುತ್ತಾರೆ ಎಂದರೆ ಕೀಲಿ ವಾಪಸು. ನಮ್ಮ ಮಡಿಯೆಂದರೆ ಇನ್ನೊಬ್ಬರು ತಾಗದ ಹಾಗೆ ನಿಲ್ಲುವುದು. ಅಲ್ಲಿಯ ಮಡಿ ಇನ್ನೊಬ್ಬರ ಪಕ್ಕ ಕೂರುವುದಕ್ಕಾಗಿ. ಕೆರೆ ಬಾವಿಗಳ ನೀರನ್ನು ಯಾರು ಮುಟ್ಟಬಹುದು, ಯಾರು ಮುಟ್ಟಬಾರದು ಎಂದು ತಲೆಮಾರುಗಟ್ಟಲೆ ಲೆಕ್ಕವಿಟ್ಟ ನಾಡಿನಿಂದ ಬಂದ ನನಗೆ ಆ ತೊಟ್ಟಿಯಲ್ಲಿ ನಾಚಿಕೆಯಾದದ್ದುಂಟು. ಅದಕ್ಕೂ ಮೈಮೇಲೆ ಬಟ್ಟೆಯಿಲ್ಲದ್ದಕ್ಕೂ ಸಂಬಂಧವಿರಲಿಲ್ಲ.

ಹಾಗೆಂದು ಜಪಾನನ್ನು ಅಟ್ಟಕ್ಕೇರಿಸಬೇಕಾಗಿಲ್ಲ. ಮೈಮೇಲೆ ಹಚ್ಚೆಯಿದ್ದವರನ್ನು ಒಳಗೆ ಬಿಡದ ಒನ್ಸೆನ್‌ಗಳು ಇಂದಿಗೂ ಇವೆ. ಹಚ್ಚೆಯೆಂದರೆ ಯಾಕುಜಾ ರೌಡಿಗಳ ನೆನಪು ಅವರಿಗೆ. ಹೊಕ್ಕಾಯ್ದೊ ದ್ವೀಪದ ಒತಾರು ಊರಿನ ಒಂದು ಸ್ನಾನದ ಮನೆ ಜಪಾನೀಯರಿಗೆ ಮಾತ್ರ ಎಂದು ಫಲಕ ಹಾಕಿ, ಜಪಾನಿ ಪೌರತ್ವ ಪಡೆದಿದ್ದ ಅಮೆರಿಕ ಮೂಲದವನನ್ನೂ ಮುಖ ನೋಡಿಯೇ ಹೊರಗೆ ನಿಲ್ಲಿಸಿತ್ತು. 2002ರಲ್ಲಿ ಸಪ್ಪೊರೊ ಜಿಲ್ಲಾ ನ್ಯಾಯಾಲಯ ಇದು ತಾರತಮ್ಯ ಎಂದು ತೀರ್ಪಿತ್ತು ಪರಿಹಾರ ಕೊಡಿಸಿತು. ನೀರು ಯಾರನ್ನೂ ಬೇಡವೆನ್ನುವುದಿಲ್ಲ, ಬಾಗಿಲು ಕಾಯುವವರು ಎಲ್ಲ ದೇಶದಲ್ಲೂ ಇದ್ದಾರೆ.

ಮನೆಯ ಸ್ನಾನದ್ದು ಬೇರೆಯೇ ಶಾಸ್ತ್ರ. ಅಲ್ಲಿಯೂ ತೊಟ್ಟಿ ತುಂಬುವುದು ಒಂದೇ ಸಲ, ಇಡೀ ಮನೆಗೆ ಅದೇ ನೀರು. ಮೊದಲು ಮನೆಯ ಯಜಮಾನ, ಕೊನೆಗೆ ಹೆಂಡತಿ ಎಂಬುದು ಹಳೆಯ ಪದ್ಧತಿ. ಅತಿಥಿ ಬಂದರೆ ಅತಿಥಿಯೇ ಮೊದಲು. ಒಬ್ಬರು ಎದ್ದ ಮೇಲೆ ಬಿಸಿ ಆರದಂತೆ ಮುಚ್ಚಳ ಮುಚ್ಚುತ್ತಾರೆ. ಮಾರನೆಯ ದಿನ ಉಳಿದ ನೀರು ಬಟ್ಟೆ ಒಗೆಯುವ ಮಷೀನಿಗೆ ಹೋಗುವುದೂ ಉಂಟು. ದಾವಣಗೆರೆ ಕಡೆಯ ಗೆಳೆಯರೊಬ್ಬರನ್ನು ಅವರ ಮೇಲಧಿಕಾರಿ ಮನೆಗೆ ಕರೆದು ಮೊದಲ ಸ್ನಾನದ ಮರ್ಯಾದೆ ಮಾಡಿದರು. ಗೆಳೆಯರು ಸಂಸ್ಕಾರವಂತರು. ತಾವು ಮಿಂದ ಎಂಜಲು ನೀರನ್ನು ಮನೆಯ ಹಿರಿಯರಿಗೆ ಬಿಡುವುದೇ ಎಂದು ಬೂಚು ಕಿತ್ತು, ನೀರೆಲ್ಲ ಹರಿಸಿ, ತೊಟ್ಟಿಯನ್ನು ಫಳಫಳ ತೊಳೆದಿಟ್ಟು ಬಂದರು. ಚಳಿಗಾಲದ ರಾತ್ರಿ, ಸಾಲಾಗಿ ಟವೆಲ್ಲು ಹಿಡಿದು ಕಾದಿದ್ದ ಮನೆಯವರು. ಯಾರೂ ಒಂದು ಮಾತು ಆಡಲಿಲ್ಲ. ಮನೆಯೊಡತಿ ನಗುತ್ತಲೇ ಹೋಗಿ ಗೋಡೆಯ ಗುಂಡಿ ಒತ್ತಿದರು. ತುಸು ಹೊತ್ತಿಗೆ ಗೀಸರು, ಥಿಯೊಡೋರ್ ಓಸ್ಟನ್ ಎಂಬ ಜರ್ಮನ್ ಸಂಗೀತಗಾರನ ಪಿಯಾನೊ ರಾಗದ ತುಣುಕೊಂದನ್ನು ನುಡಿಸಿ, ಸ್ನಾನದ ನೀರು ಕಾದಿದೆ ಎಂದು ಹೆಣ್ಣು ದನಿಯಲ್ಲಿ ಘೋಷಿಸಿತು. ಗೆಳೆಯರು ಅದನ್ನು ತಮ್ಮ ಸತ್ಕಾರದ ಮುಂದುವರಿದ ಭಾಗ ಎಂದುಕೊಂಡರು.

ಮನೆಮನೆಗೆ ಬಂದ ಈ ಹಾಡುವ ಗೀಸರೇ ಸೆಂಟೊಗಳಿಗೆ ಮುಳುವಾಯಿತು. 1968ರ ಸುಮಾರಿಗೆ ದೇಶದಲ್ಲಿ ಹತ್ತಿರಹತ್ತಿರ 18,000 ಸೆಂಟೊಗಳಿದ್ದವು. ಇಂದು 2,000ಕ್ಕೂ ಕಡಿಮೆ. ಮಾಲೀಕ ದರ ಏರಿಸೋಣವೆಂದರೆ ಕೈ ಕಟ್ಟಿದೆ: ಯುದ್ಧ ಮುಗಿದ ಮರುವರ್ಷ, 1946ರಲ್ಲಿ, ಬಂದ ಬೆಲೆ ನಿಯಂತ್ರಣ ಆಜ್ಞೆಯ ಪ್ರಕಾರ ಗರಿಷ್ಠ ದರವನ್ನು ಈಗಲೂ ಆಯಾ ಪ್ರಾಂತದ ಆಡಳಿತವೇ ಗೊತ್ತುಮಾಡುತ್ತದೆ. 2024ರಲ್ಲಿ ಟೋಕಿಯೊದ ದರ 550 ಯೆನ್ ಆಯಿತು. ಅನಿಲದ ಬಿಲ್ಲಿಗೆ ಹೀಗೆ ಯಾರೂ ಮಿತಿ ಹಾಕಿಲ್ಲ.

ನಮ್ಮ ಬೀದಿಯದೂ ಮುಚ್ಚಿತು. ಡಿಸೆಂಬರಿನಲ್ಲಿ ಹಗಲು ಅತಿ ಚಿಕ್ಕದಾದ ದಿನ, ರೂಢಿಯಂತೆ ತೊಟ್ಟಿಯ ತುಂಬ ಯುಜು ಹಣ್ಣು ತೇಲಿಬಿಟ್ಟಿದ್ದರು. ಬಾಗಿಲಿಗೆ ಚೀಟಿ ಅಂಟಿಸಿದ್ದೂ ಅಂದೇ. ಮಾಲೀಕರಿಗೆ ವಯಸ್ಸಾಯಿತು, ಬಾಯ್ಲರಿಗೂ ವಯಸ್ಸಾಯಿತು, ಇಷ್ಟು ವರ್ಷ ಬಂದದ್ದಕ್ಕೆ ಉಪಕಾರ, ತೊಂದರೆಗೆ ಕ್ಷಮಿಸಿ ಎಂದು ಬರೆದಿತ್ತು. ಕೊನೆಯ ದಿನ ಗಂಡಸರು ಒಬ್ಬೊಬ್ಬರಾಗಿ ಬಂದಾಯ್ ಮುಂದೆ ಬಾಗಿ ಹೊರಟರು. ಅಂದು ಮಾತ್ರ ಅಜ್ಜಿ ಟಿವಿ ಆರಿಸಿದ್ದರು.

ಒಜೀಸಾನ್ ಕೆಲವು ವಾರದ ಮೇಲೆ ಬಸ್ ಸ್ಟಾಪಿನಲ್ಲಿ ಸಿಕ್ಕರು. ಕಂಕುಳಲ್ಲಿ ಬೋಗುಣಿ, ಕೊರಳಲ್ಲಿ ಟವೆಲ್ಲು. ಬಟ್ಟೆ ತೊಟ್ಟಿದ್ದರಿಂದ ಗುರುತು ಹಿಡಿಯಲು ಒಂದು ಗಳಿಗೆ ಬೇಕಾಯಿತು. ಅವರಿಗೂ ಹಾಗೇ ಆದಂತಿತ್ತು. ಮಗ ಮನೆಯಲ್ಲೇ ಒಳ್ಳೆಯ ತೊಟ್ಟಿ, ಮಾತಾಡುವ ಗೀಸರು ಎಲ್ಲ ಹಾಕಿಸಿಕೊಟ್ಟಿದ್ದಾನಂತೆ. “ನೀರು ಕಾದಿದೆ ಅನ್ನುತ್ತೆ. ಮಂಡಿ ಹೇಗಿದೆ ಅಂತ ಕೇಳೋದಿಲ್ಲ,” ಎಂದರು. ಹಾಗಾಗಿ ದಿನವೂ ಬಸ್ಸು ಹಿಡಿದು ಪಕ್ಕದ ವಾರ್ಡಿನ ಸೆಂಟೊಗೆ ಹೋಗುವುದು. ಅಲ್ಲಿ ಹೇಗಿದೆ ಎಂದು ಕೇಳಿದೆ.

“ನಲವತ್ತೆರಡೇ ಡಿಗ್ರಿ! ಮೇಲಾಗಿ ಯಾರೋ ಒಬ್ಬ ದಿನಾ ತಣ್ಣೀರು ನಲ್ಲಿ ತಿರುಗಿಸ್ತಾನೆ.”

“ಯಾರು?”

“ಯಾರೋ ಪರದೇಶದವನು,” ಎಂದರು. ಆಮೇಲೆ ನನ್ನ ಮುಖ ನೋಡಿ, ಬಸ್ಸು ಬರುವ ದಾರಿ ನೋಡಿ, “ನಿಮ್ಮ ಹಾಗಲ್ಲ,” ಎಂದು ಸೇರಿಸಿದರು.